ಗೋಡೆಯಗಲದ ಬೋಳು ಹಣೆ

ಆಗ ನನಗೆ ಐವತ್ತಾರು ವರ್ಷ. ಅದಾಗಿ ಇಪ್ಪತ್ತು ದಾಟಿತು. ನಿನ್ನೆ ಮೊಮ್ಮಗಳು ಮೊಬೈಲು ಹಿಡಿದು ನನ್ನ ಮುಖಕ್ಕೆ ನಾಯಿ ಕಿವಿ ಅಂಟಿಸಿ ಬಿದ್ದು ಬಿದ್ದು ನಕ್ಕಳು. ನನಗೆ ನಗು ಬರಲಿಲ್ಲ. ಚೈತ್ರ ನೆನಪಾದಳು.

ಚೈತ್ರ ಅಂದ್ರೆ ಕಾಗದನಗರದಲ್ಲಿ ನಮ್ಮ ಪಕ್ಕದ ಕ್ವಾರ್ಟರ್ಸಿನ ಹುಡುಗಿ. ಅವಳಮ್ಮನಿಗೆ ಮೈ ಸರಿಯಿಲ್ಲದಾಗ ಎರಡು ಜಡೆ ಹೆಣೆದು ಸ್ಕೂಲಿಗೆ ಕಳಿಸಿದವಳು ನಾನು. ಆಮೇಲೆ ಅವರು ಶಿವಮೊಗ್ಗದ ಹೊಸಮನೆಗೆ ಹೋದರು. ಹುಡುಗಿ ಹೊರಗೆಲ್ಲೋ ಚಿತ್ರಕಲೆ ಓದಿ, ಜಡೆ ಕತ್ತರಿಸಿಕೊಂಡು, ವಿಡಿಯೋ ಕ್ಯಾಮರಾ ಹಿಡಿದು ಬಂದಳು. ಅದು ನಮ್ಮ ಯಜಮಾನರು ಎದೆನೋವಿಗೆ ಆಸ್ಪತ್ರೆ ಸೇರಿದ್ದ ದಿನಗಳು; ಬಟ್ಟೆ ಒಗೆಯೋಕೆ ಅಂತ ನಾನು ಮನೆಗೆ ಬಂದಿದ್ದೆ.

"ದೊಡ್ಡಮ್ಮ, ನಿಮ್ಮ ಮುಖ ಬೇಕು" ಅಂದಳು.

"ತಗೊಂಡು ಹೋಗು ಮಾರಾಯ್ತಿ, ಸುಕ್ಕು ಮಾತ್ರ ವಾಪಸ್ ತರಬೇಡ" ಅಂದೆ.

ಮುಖ ತೊಳೆದು, ಕಾಸಗಲ ಕುಂಕುಮ ಇಟ್ಟು ಕ್ಯಾಮರಾ ಮುಂದೆ ಕೂತೆ. ಮದುವೆಯಲ್ಲೂ ಅಷ್ಟು ನೆಟ್ಟಗೆ ಕೂತಿರಲಿಲ್ಲ.

ಶಿವಮೊಗ್ಗದಲ್ಲಿ ಅವಳ ಪ್ರದರ್ಶನ. ಅದು ನಾಟಕವೂ ಅಲ್ಲ, ಸಿನಿಮಾವೂ ಅಲ್ಲ. ಯಜಮಾನರು ಆಗಷ್ಟೇ ಎದ್ದು ಓಡಾಡುತ್ತಿದ್ದರು. ನನ್ನ ಜಂಬಕ್ಕೆ ಅವರನ್ನೂ ಬಸ್ಸು ಹತ್ತಿಸಿದೆ. ಚೈತ್ರ ಬಿಳೀ ಸೀರೆ ಉಟ್ಟು ಕಲ್ಲಿನ ಹಾಗೆ ನಿಂತಳು. ಅವಳ ಮೈಮೇಲೆ, ಹಿಂದಿನ ಗೋಡೆ ತುಂಬ, ಪ್ರೊಜೆಕ್ಟರಿನ ಬೆಳಕಲ್ಲಿ ನನ್ನ ಮುಖ ಬಿತ್ತು. ಹಣೆ ಬೋಳು. ಮೂಗುತಿ ಇಲ್ಲ. ಕೊರಳು ಬೋಳು. ಸ್ಪೀಕರಿನಲ್ಲಿ ಅವಳ ದನಿ: "ನಾನು ಯಾರು? ನಾನು ಯಾರು?" ಯಾರು ಅಂತ ನಮ್ಮ ಕಡೆ ಕೂಸಿಗೂ ಗೊತ್ತು. ಗಂಡ ಸತ್ತವಳು. ಗಂಡ ನನ್ನ ಪಕ್ಕದಲ್ಲೇ ಕೂತಿದ್ದರು.

"ಯಾವಾಗ ಅಳಿಸಿದೆ?" ಅಂದರು.

"ನಾನೆಲ್ಲಿ ಅಳಿಸಿದೆ?"

"ಕ್ಯಾಮರಾ ಸುಳ್ಳು ಹೇಳುತ್ತೇನೇ? ನಾನು ಆಸ್ಪತ್ರೆಯಲ್ಲಿ ಮಲಗಿದ್ದಾಗ ಅಭ್ಯಾಸ ಮಾಡಿಕೊಂಡೆಯಾ?"

ಮುಗಿದ ಮೇಲೆ ಚೈತ್ರಳ ಕೈ ಹಿಡಿದು ನಿಲ್ಲಿಸಿದೆ.

"ಕಂಪ್ಯೂಟರಿನಲ್ಲಿ ತೆಗೆದೆ ದೊಡ್ಡಮ್ಮ. ಗುರುತುಗಳನ್ನೆಲ್ಲ ಕಳಚಿದ ಹೆಣ್ಣು ಬೇಕಿತ್ತು."

"ಅದನ್ನೇ ಬಂದು ಅವರಿಗೆ ಹೇಳು."

"ನನ್ನ ಕೃತೀನ ನಾನು ವಿವರಿಸಲ್ಲ. ನೋಡಿದವರು ಹೇಗೆ ತಿಳಿದರೆ ಹಾಗೆ."

ಸುತ್ತ ನಿಂತವರು ದೊಡ್ಡ ಮಾತು ಕೇಳಿದಂತೆ ತಲೆಯಾಡಿಸಿದರು.

"ಕೃತಿ ಮನೆ ಹಾಳಾಗಲಿ ಕಣೇ. ಒಂದೇ ಒಂದು ಮಾತು" ಅಂದೆ. ಯಾರೋ ಹೂಗುಚ್ಛ ತಂದರು. ಅವಳು ಆ ಕಡೆ ತಿರುಗಿದಳು.

ಇದ್ದದ್ದನ್ನು ಅಳಿಸೋದು, ಇಲ್ಲದ್ದನ್ನು ಅಂಟಿಸೋದು ಈಗ ಮಕ್ಕಳಾಟ. ಕಾಗದದ ಕಾರ್ಖಾನೆಯಲ್ಲಿ ಜೀವ ತೇದ ಮನುಷ್ಯನಿಗೆ ಆಗ ಹೇಗೆ ಗೊತ್ತಾಗಬೇಕು? ನಾನು ಹೇಳಿದರೆ ಕಟ್ಟುಕತೆ ಅಂದರು. ಎರಡು ವರ್ಷಕ್ಕೆ ಹೋದರು. ಎದೆ ಕೆಟ್ಟು ಹೋದರು, ಚಿತ್ರದಿಂದಲ್ಲ. ಅಷ್ಟು ಬುದ್ಧಿ ನನಗಿದೆ. ನನ್ನ ನಂಬಿ ಹೋದರೋ ನಂಬದೆ ಹೋದರೋ, ಕೇಳುವ ಧೈರ್ಯ ಬರಲಿಲ್ಲ. ಚೈತ್ರ ಆ ಚಿತ್ರ ಹೊತ್ತು ದೇಶವೆಲ್ಲ ತಿರುಗಿದಳಂತೆ.

ಅವತ್ತು ಪ್ರದರ್ಶನ ಮುಗಿಸಿ ಬರುವಾಗ ಬಸ್ಸಿನಲ್ಲಿ ಯಜಮಾನರು ಬೇರೆ ಸೀಟಿನಲ್ಲಿ ಕೂತರು. ಮಾರನೇ ದಿನ ಬೆಳಿಗ್ಗೆ ಕಾಫಿ ಮುಟ್ಟಲಿಲ್ಲ, ನನ್ನ ಹಣೆ ಕಡೆ ಕಣ್ಣೆತ್ತಲಿಲ್ಲ. ಲೋಟ ಅಲ್ಲೇ ಬಿಟ್ಟು ಶಿವಮೊಗ್ಗದ ಬಸ್ಸು ಹತ್ತಿದೆ. ಗಾಂಧಿ ಬಜಾರಿನಲ್ಲಿ ಹಚ್ಚೆ ಹಾಕುವವನ ಮುಂದೆ ಕೂತು ಬೊಟ್ಟಿನ ಜಾಗ ತೋರಿಸಿದೆ.

"ಅಲ್ಲಿ ಬರೀ ಎಲುಬು ಅಮ್ಮಾ, ಜೋರಾಗಿ ನೋಯುತ್ತೆ. ಆಮೇಲೆ ಬೇಡ ಅಂದ್ರೂ ಹೋಗಲ್ಲ" ಅಂದ.

"ಹೋಗಬಾರದು. ಚುಚ್ಚು" ಅಂದೆ.