ಮೋರಿ ನೀರಿಗೊಂದಿಷ್ಟು ಹೆಪ್ಪು

ಹೋಟೆಲುಗಳ ಮುಂಬಾಗಿಲಷ್ಟೇ ನನಗೆ ಪರಿಚಯ. ಬಿಸಿ ವಡೆ ಒಳಗಿಂದ ಬರುತ್ತಿರುವಾಗ ಹಿತ್ತಲಿನಿಂದ ಏನು ಹೋಗುತ್ತಿದೆ ಎಂದು ಯಾರು ಯೋಚಿಸುತ್ತಾರೆ? ಏನಾದರೊಂದು ನೆಪ ತೆಗೆದು ನಮ್ಮೂರು ಗುತ್ತಲಿನಿಂದ ಮದ್ದೂರಿನ ಪುಟ್ಟಸ್ವಾಮಣ್ಣನ ಹೋಟೆಲಿಗೆ ಬಸ್ಸು ಹತ್ತುವ ನಿವೃತ್ತ ಮೇಷ್ಟ್ರು ನಾನು. ಹೆಂಡತಿ ಈಗ ನೆಪ ಕೇಳುವುದನ್ನೂ ಬಿಟ್ಟಿದ್ದಾಳೆ.

ನಮ್ಮ ಕಡೆ ಬಚ್ಚಲ ನೀರಿಗೆಲ್ಲ ಬಾಳೆಗಿಡವೇ ಗತಿ. ಒಂದು ಮನೆಯ ನೀರು ಕುಡಿದು ಅದು ಗೊನೆ ಕೊಡುತ್ತದೆ. ಎಣ್ಣೆ, ಸೋಪು, ಸಾಂಬಾರು ಬೆರೆತ ಹೋಟೆಲಿನ ನೀರು ಕುಡಿಸಿದರೆ ಬಾಳೆಯೇನು, ನಮ್ಮ ಹೊಳೆ ಶಿಂಷೆಯೂ ಕಾಯಿಲೆ ಬೀಳುತ್ತಾಳೆ. ಅದಕ್ಕೇ ಪುರಸಭೆಯವರು, ನೀರು ಶುದ್ಧಮಾಡುವ ತೊಟ್ಟಿ ಕಟ್ಟದ ಹೋಟೆಲಿಗೆ ಬೀಗ ಎಂದರು. ಪುಟ್ಟಸ್ವಾಮಣ್ಣ ಗೊಣಗುತ್ತಲೇ ಕಟ್ಟಿಸಿದ. ಎದುರು ಹೋಟೆಲಿನ ಶಿವಣ್ಣ ಮೊದಲೇ ಕಟ್ಟಿಸಿದ್ದು ಅವನಿಗೆ ಇನ್ನಷ್ಟು ಉರಿ. ಇಬ್ಬರೂ ಒಂದೇ ಒಲೆಯ ಮುಂದೆ ಕೆಲಸ ಕಲಿತವರು. ವಡೆಗೆ ಈರುಳ್ಳಿ ಎಷ್ಟಿರಬೇಕು ಎಂಬ ವಿಷಯಕ್ಕೆ ಮಾತು ಬಿಟ್ಟು ವರ್ಷಗಳಾಗಿದ್ದವು.

ಆಯುಧಪೂಜೆ ಬಂತು. ಅವತ್ತು ಸ್ಕೂಟರಿನಿಂದ ಹಿಡಿದು ತುರಿಯುವ ಮಣೆಯವರೆಗೆ ಎಲ್ಲವನ್ನೂ ತೊಳೆಯದಿದ್ದರೆ ನಮ್ಮ ಜನಕ್ಕೆ ಸಮಾಧಾನವಿಲ್ಲ. ಪುಟ್ಟಸ್ವಾಮಣ್ಣ ತೊಟ್ಟಿಯ ಕೆಸರನ್ನೆಲ್ಲ ಬಳಿಸಿ, ಬ್ಲೀಚಿಂಗ್ ಪುಡಿ ಹಾಕಿ ಉಜ್ಜಿಸಿ, ಫಿನಾಯಿಲ್ ಸುರಿದು, ಕುಂಕುಮವಿಟ್ಟು ಬೂದುಗುಂಬಳ ಒಡೆದ.

"ಎಂಗೈತೆ ಮೇಷ್ಟ್ರೇ?" ಅಂದ.

ಬಾಯಿತುಂಬ ಕಡ್ಲೆಪುರಿ ಇಟ್ಟುಕೊಂಡೇ, ದೇವಸ್ಥಾನದ ಹಾಗಿದೆ ಎಂದು ನಾನು ಸರ್ಟಿಫಿಕೇಟು ಕೊಟ್ಟೆ.

ಕೆಲವೇ ದಿನಕ್ಕೆ ತೊಟ್ಟಿ ನಾರತೊಡಗಿತು. ನೋಡಲು ಬಂದ ಪುರಸಭೆಯ ಇನ್ಸ್‌ಪೆಕ್ಟರಮ್ಮ ತಲೆಯ ಮೇಲೆ ಕೈಯಿಟ್ಟುಕೊಂಡರು. "ಯಜಮಾನ್ರೇ, ಆ ಕೆಸರಲ್ಲಿ ಕಣ್ಣಿಗೆ ಕಾಣದ ಜೀವಗಳಿರ್ತವೆ. ಕೊಳೆ ತಿನ್ನೋದೇ ಅವು. ಎಲ್ಲಾನೂ ಸಾಯಿಸಿಬಿಟ್ಟಿದ್ದೀರಲ್ಲ."

ಪುಟ್ಟಸ್ವಾಮಣ್ಣನ ಮುಖ ಸಣ್ಣದಾಯಿತು. "ಜೀವ ಅವೆ ಅಂತ ಗೊತ್ತಿದ್ರೆ ನಾನ್ಯಾಕವ್ವ ಫಿನಾಯ್ಲು ಉಯ್ತಿದ್ದೆ?" ಇರುವೆ ಗೂಡಿಗೆ ದಿನಾ ಸಕ್ಕರೆ ಹಾಕುವವನು ಅವನು. ನನಗೆ ಅವನ ಮೇಲೆ ಎಂದಿಲ್ಲದ ಅಕ್ಕರೆ ಬಂತು.

ಆಕೆ ಮೆತ್ತಗಾದರೂ ಕಾನೂನು ಮೆತ್ತಗಾಗಲಿಲ್ಲ. "ತಿಂಗಳ ಕೊನೆಗೆ ನೀರು ತಿಳಿಯಾಗದಿದ್ರೆ ಬೀಗ ಹಾಕ್ತೀವಿ. ಚೆನ್ನಾಗಿ ನಡೀತಿರೋ ತೊಟ್ಟಿಯಿಂದ ಒಂದಷ್ಟು ಕೆಸರು ತಂದು ಹಾಕಿ. ಹಾಲಿಗೆ ಹೆಪ್ಪು ಹಾಕಲ್ವಾ, ಹಾಗೆ."

ಅಂಥ ತೊಟ್ಟಿ ಇದ್ದದ್ದು ರಸ್ತೆಯಾಚೆ, ಶಿವಣ್ಣನ ಹಿತ್ತಲಲ್ಲಿ. ಪುಟ್ಟಸ್ವಾಮಣ್ಣ ಸಂಜೆಯವರೆಗೂ ಆ ರಸ್ತೆಯನ್ನೇ ನೋಡುತ್ತ ಕೂತ. ಹೋಟೆಲು ಮುಚ್ಚುವ ಭಯ ನನಗೂ ಕಡಿಮೆಯಿರಲಿಲ್ಲ. ಕೊನೆಗೆ ಅವನ ಕೈಗೆ ಬಕೆಟ್ಟು ಕೊಟ್ಟು, ನಾನೇ ಜೊತೆಗೆ ಹೊರಟೆ.

ಶಿವಣ್ಣ ಗಲ್ಲಾಪೆಟ್ಟಿಗೆಗೆ ಊದುಬತ್ತಿ ಬೆಳಗುತ್ತಿದ್ದ. ವಿಷಯ ಕೇಳಿ, ಮುಖವೆತ್ತದೆ, "ದೀಪ ಅಚ್ಚಿದ್ ಮ್ಯಾಲೆ ಎಪ್ಪು ಕೊಡಾಕಿಲ್ಲ ಕಣ್ಲಾ," ಎಂದ. ದೀಪ ಹಚ್ಚಿದ ಮೇಲೆ ಹೆಪ್ಪನ್ನು ನಮ್ಮಲ್ಲಿ ಯಾರೂ ಮನೆಯಿಂದಾಚೆ ಕೊಡುವುದಿಲ್ಲ, ನಿಜ. ಆದರೆ ಮೋರಿ ಕೆಸರಿಗೂ ಆ ಶಾಸ್ತ್ರವೇ? ಖಾಲಿ ಬಕೆಟ್ಟು ಹಿಡಿದು ವಾಪಸಾದೆವು.

ಮಾರನೆಯ ಬೆಳಿಗ್ಗೆ ನಾನು ಹೋದಾಗ ಶಿವಣ್ಣ ಲುಂಗಿ ಎತ್ತಿ ಕಟ್ಟಿ, ಪುಟ್ಟಸ್ವಾಮಣ್ಣನ ತೊಟ್ಟಿಗೆ ಕೆಸರಿನ ಬಕೆಟ್ಟು ಬಗ್ಗಿಸುತ್ತಿದ್ದ. "ಇನ್ನೊಂದ್ ಸಲ ಇದನ್ ತೊಳುದ್ರೆ ನಿನ್ನೇ ತೊಳೀತೀನಿ ಕಣ್ಲಾ," ಎಂದು ಬಯ್ಯುತ್ತಿದ್ದ. ಪುಟ್ಟಸ್ವಾಮಣ್ಣ ಒಳಗೆ ಹೋಗಿ ಬಿಸಿ ವಡೆ ತಂದು ಹಿಡಿದ. ಶಿವಣ್ಣ ಕೈ ತೊಳೆದು, ಮುರಿದು ಬಾಯಿಗಿಟ್ಟುಕೊಂಡು, ನಿಧಾನವಾಗಿ ಅಗಿದು, "ಈರುಳ್ಳಿ ಕಮ್ಮಿ," ಎಂದ.

ತಿಂಗಳ ಕೊನೆಗೆ ನೀರು ತಿಳಿಯಾಯಿತು. ಬೀಗ ಪುರಸಭೆಯಲ್ಲೇ ಉಳಿಯಿತು. ಈರುಳ್ಳಿಯ ಜಗಳ ಮಾತ್ರ ಈಗ ದಿನಾ ನಡೆಯುತ್ತದೆ, ಒಂದೇ ಬೆಂಚಿನಲ್ಲಿ ಕೂತು.

ಎಲ್ಲವನ್ನೂ ತೊಳೆದುಬಿಡಬಾರದು, ತಳದಲ್ಲಿ ಹಳೆಯದು ಒಂದಿಷ್ಟು ಉಳಿದಿರಬೇಕು ಎಂದು ನಾನೂ ಕಲಿತೆ. ಮನೆಗೆ ಬಂದು ಹೆಂಡತಿಗೂ ಇದನ್ನು ವಿವರಿಸಿ, ಆದ್ದರಿಂದ ನನ್ನ ಮೇಜನ್ನು ಹೀಗೇ ಬಿಡು ಎಂದೆ. ಎಲ್ಲವನ್ನೂ ಸಮಾಧಾನವಾಗಿ ಕೇಳಿಸಿಕೊಂಡು ಅವಳು ಪೊರಕೆ ತರಲು ಹೋದಳು.