ಮುಟ್ಟದೆ ಹೋದ ಬೆಲ್ಲದ ತುಂಡು

ನನ್ನ ಅಪ್ಪಯ್ಯನ ರಾಜಕೀಯ ಸಿದ್ಧಾಂತ ಬದಲಾದದ್ದು ಬೈಂದೂರಿನ ನಮ್ಮ ಮನೆಯ ಜಗಲಿಯಲ್ಲಿ, ಒಂದು ತುಂಡು ಬೆಲ್ಲದಿಂದ. ಓಟು ಕೇಳಲು ಬಂದ ಅಭ್ಯರ್ಥಿಗೆ ಅಮ್ಮ ಬೆಲ್ಲ, ನೀರು ತಂದಿಟ್ಟಳು. ಯಾರು ಬಂದರೂ ನಮ್ಮಲ್ಲಿ ಮೊದಲು ಅದೇ. ಆತ ಫೋನಿನಲ್ಲಿ ಮಾತಾಡುತ್ತಲೇ "ಶುಗರ್ ಇತ್ತ್" ಎಂದು ಕೈಯಾಡಿಸಿ ಜೀಪು ಹತ್ತಿದ.

"ಶುಗರ್ ಅಂಬ್ರ್, ಶುಗರ್! ನೀರೊಳಗೂ ಶುಗರ್ ಇತ್ತಾ?" ಅಪ್ಪಯ್ಯ ಗುಡುಗಿದರು.

ಪ್ರಾಯಕ್ಕೆ ಬಂದಾಗಿನಿಂದ ಆ ಅಭ್ಯರ್ಥಿಯ ಪಕ್ಷಕ್ಕೇ ಓಟು ಹಾಕಿದ ಮನುಷ್ಯನಿಗೆ ಮರುದಿನ ಬೆಳಿಗ್ಗೆ ದೇಶದ ಆರ್ಥಿಕತೆ, ವಿದೇಶಾಂಗ ನೀತಿ ಎಲ್ಲ ಒಮ್ಮೆಗೇ ಕೆಟ್ಟುಹೋಗಿದ್ದು ಕಂಡಿತು. ಕಾರಣಗಳು ಆಮೇಲೆ ಮೊಬೈಲಿನಲ್ಲಿ ಒಂದೊಂದಾಗಿ ಬಂದು ಸೇರಿದವು. ಪಾಪ, ಅವಕ್ಕೆ ಬಸ್ಸು ತಪ್ಪಿರಬೇಕು.

"ಅವ ಒಂದ್ ತುಂಡ್ ಬೆಲ್ಲ ಬಾಯಿಗ್ ಹಾಯ್ಕಂಡಿದ್ರೆ ದೇಶ ಹಾಳಾತಿರ್ಲಿಲ್ಲೆ" ಎಂದು ಅಮ್ಮ ಅಡುಗೆಮನೆಯಲ್ಲಿ ನನಗಷ್ಟೇ ಕೇಳುವಂತೆ ಹೇಳಿದಳು.

ಇದರ ಪೆಟ್ಟು ಬಿದ್ದದ್ದು ಅಪ್ಪಯ್ಯನ ಅಕ್ಕ, ನನ್ನ ಅತ್ತೆಯ ಗಂಡನಿಗೆ. ಗಂಗೊಳ್ಳಿಯಲ್ಲಿ ಮೀನು ವ್ಯಾಪಾರ ಮಾಡುವ ಮಾವ ಪ್ರತಿ ಆದಿತ್ಯವಾರ ಬಂಗುಡೆ ಮೀನಿನ ಚೀಲ ಹಿಡಿದು ಬರುತ್ತಿದ್ದರು. ಭಾವನೆಂಟರಿಬ್ಬರೂ ಜಗಲಿಯಲ್ಲಿ ಕೂತರೆ ಏಳುವುದು ಊಟಕ್ಕೇ. ಮಾವ ಹಳೆಯ ಪಕ್ಷದಲ್ಲೇ ಉಳಿದಿದ್ದರು. "ಮಾನ ಮರ್ಯಾದಿ ಇಲ್ಲದವ್ರ್ ಆ ಪಾರ್ಟಿಯೊಳ್ಗೆ ಇಪ್ಪುದ್" ಎಂದು ಅಪ್ಪಯ್ಯ ಒಂದು ದಿನ ಮುಖಕ್ಕೇ ಅಂದುಬಿಟ್ಟರು. ಮಾವ ಚಪ್ಪಲಿ ಮೆಟ್ಟಿ ಹೊರಟರು. ದೇಶ ಉಳಿಯಿತು, ನಮ್ಮ ಬಂಗುಡೆ ನಿಂತಿತು.

ಅಪ್ಪಯ್ಯ ಹಿಡಿದ ಹೊಸ ಪಕ್ಷದವ ಬಂದು ಎರಡು ತುಂಡು ಬೆಲ್ಲ ತಿಂದ, ಗೆದ್ದ. ನಮ್ಮ ರಸ್ತೆಯ ಹೊಂಡ ಹಾಗೇ ಇತ್ತು. "ಹೊಂಡ ಮುಚ್ಚುಕೆ ಟೈಮ್ ಬೇಕಲ್ದಾ?" ಎಂದರು ಅಪ್ಪಯ್ಯ. ಆದರೆ ಆದಿತ್ಯವಾರ ಗಂಗೊಳ್ಳಿ ಬಸ್ಸಿನ ಹಾರ್ನ್ ಕೇಳಿದರೆ ಸಾಕು, ಅಂಗಿ ಹಾಕಿಕೊಂಡು ಜಗಲಿಗೆ ಬಂದು ಕೂರುತ್ತಿದ್ದರು. ಕೇಳಿದರೆ, ಒಳಗೆ ಸೆಕೆಯಂತೆ! ನನಗೆ ನಗುವೂ ಬರುತ್ತಿತ್ತು, ಸಂಕಟವೂ ಆಗುತ್ತಿತ್ತು.

ಮಳೆ ಹಿಡಿಯುವ ಮುಂಚೆ ಒಂದು ಆದಿತ್ಯವಾರ ಮಾವ ಬಂದೇಬಿಟ್ಟರು, ಕೈಯಲ್ಲಿ ಅದೇ ಮೀನಿನ ಚೀಲ. ಅಮ್ಮ ಅಭ್ಯಾಸಬಲದಿಂದ ಬೆಲ್ಲ, ನೀರು ತಂದಿಟ್ಟಳು. ಮಾವನಿಗೆ ಶುಗರ್ ನಿಜವಾಗಿಯೂ ಇತ್ತು. ಕಾಲಿನ ಗಾಯ ಒಣಗುತ್ತಿಲ್ಲವೆಂದು ಅತ್ತೆ ಫೋನಿನಲ್ಲಿ ಅತ್ತಿದ್ದರು. ಆದರೂ ಮಾವ ಅಪ್ಪಯ್ಯನ ಮುಖವನ್ನೇ ನೋಡುತ್ತ ದೊಡ್ಡ ತುಂಡನ್ನೇ ಎತ್ತಿದರು.

ಅಪ್ಪಯ್ಯ ಧಡಕ್ಕನೆ ಎದ್ದು ಕೈ ಹಿಡಿದರು. "ಹ್ವಾಯ್ ಭಾವ! ತಲಿ ಸಮ ಇತ್ತಾ ನಿಮ್ಗೆ? ಶುಗರ್ ಇಪ್ಪೋರ್ ಬೆಲ್ಲ ತಿಂಬುದಾ?"

"ತಿನ್ನದಿರೆ ನೀನ್ ಮಾತಾಡ್ಸುದಿಲ್ಲೆ ಅಲ್ದಾ?"

ಅಪ್ಪಯ್ಯ ಬೆಲ್ಲದ ತಟ್ಟೆಯನ್ನು ತಾವೇ ಎತ್ತಿ ಒಳಗಿಟ್ಟು ಬಂದರು, ಕಣ್ಣು ಒದ್ದೆ. ಓಟು ಇವತ್ತಿಗೂ ಹೊಸ ಪಕ್ಷಕ್ಕೇ. ಅಷ್ಟೆಲ್ಲ ಕಾರಣ ಕೂಡಿಹಾಕಿದ ಮೇಲೆ ಬಿಸಾಡಲಿಕ್ಕಾಗುತ್ತದೆಯೇ? ಆದರೆ ಮಾವ ಬಂದರೆ ನಮ್ಮ ಮನೆಯಲ್ಲಿ ಈಗ ಬರೀ ನೀರು.