ಅತ್ತೆಯ ಪಾಲಿಗೆ ಬಾರದ ಮೂಲೆ

ಕಳೆದ ಕಾರ್ತಿಕ ಅಮಾವಾಸ್ಯೆಯ ಮರುದಿನ ತಾಲ್ಲೂಕು ನ್ಯಾಯಾಲಯದಿಂದ ಪಡೆದ, ಕೋರ್ಟ್ ಕಮಿಷನರ ವರದಿಯ ದೃಢೀಕೃತ ಪ್ರತಿಯನ್ನು ಮುಂದಿಟ್ಟುಕೊಂಡು ಇದನ್ನು ಬರೆಯುತ್ತಿದ್ದೇನೆ. ಅದಕ್ಕಾಗಿ ಅರ್ಜಿ ಹಾಕಿಸಿದ್ದು ಒಂದು ವಾಸನೆ. ತಿಪಟೂರಿನ ಮಂಡಿಯೊಂದರ ಮುಂದೆ ಹಾದುಹೋಗುವಾಗ, ಅಟ್ಟದಿಂದ ಇಳಿಸಿ ಆಗತಾನೆ ಸುಲಿದ ಕೊಬ್ಬರಿಯ ಎಣ್ಣೆಗಂಪು ಮುಖಕ್ಕೆ ಬಡಿಯಿತು. ಪಕ್ಕದ ಮನೆಯ ಅತ್ತೆಯ ಸೆರಗಿನಲ್ಲಿ ಸದಾ ಇರುತ್ತಿದ್ದ ವಾಸನೆ ಅದು...

ರಕ್ತಸಂಬಂಧದಿಂದ ಅವರು ನನಗೆ ಅತ್ತೆಯಲ್ಲ. ಊರಿನ ವರಸೆಯಿಂದ ಅತ್ತೆ. ಗಂಡ ತೀರಿಕೊಂಡ ಮೇಲೆ ಎಳೆಯ ಮಗಳನ್ನು ಎತ್ತಿಕೊಂಡು ತುರುವೇಕೆರೆ ಸೀಮೆಯ ನಮ್ಮೂರಿನ ತವರಿಗೆ ಮರಳಿದ್ದರು. ಆ ಮಗು ಜ್ವರದಲ್ಲಿ ಹೋಯಿತು. ತೆಂಗಿನ ತೋಟದ ನೈರುತ್ಯ ಮೂಲೆಯಲ್ಲಿ ಮಣ್ಣು ಮಾಡಿ, ಒಂದು ಗುಂಡುಕಲ್ಲು ಇಟ್ಟು, ಕಣಗಿಲೆಯ ಗಿಡ ನೆಟ್ಟರು. ಅಮಾವಾಸ್ಯೆ ಬಂತೆಂದರೆ ಅತ್ತೆ ಪುಟ್ಟ ಲೋಟದಲ್ಲಿ ಹಾಲು ಹಿಡಿದು ಅಲ್ಲಿಗೆ ನಡೆಯುತ್ತಿದ್ದರು.

ತಂದೆಯ ಕಾಲಾನಂತರ ತೋಟವು ಅತ್ತೆ ಮತ್ತು ಅವರ ಅಣ್ಣನಿಗೆ ಜಂಟಿಯಾಗಿ ಬಂತು. ಮನೆಯೊಳಗಿನ ಯಾವುದೋ ಮಾತಿಗೆ ಮಾತು ಬೆಳೆದು, ಒಂದು ಅಮಾವಾಸ್ಯೆಯಂದು ತೋಟದ ಬಾಗಿಲಿಗೆ ಬೀಗ ಬಿದ್ದಿತ್ತು. ಹಾಲಿನ ಲೋಟದೊಂದಿಗೆ ಹಿಂದಿರುಗಿದ ಅತ್ತೆ ಮರುವಾರವೇ ಪಾಲು ವಿಭಾಗದ ದಾವೆ ಹಾಕಿದರು. ಆಗಷ್ಟೇ ಸಂಶೋಧನೆಗೆ ತೊಡಗಿದ್ದ ನಾನು ರಜೆಗೆ ಬಂದಾಗಲೆಲ್ಲ ಅವರ ಕಾಗದ ಓದಿ ಹೇಳುವವನಾದೆ.

ಇಂಥ ದಾವೆಗೆ ಎರಡು ಹಂತ. ಯಾರಿಗೆ ಎಷ್ಟು ಎಂಬುದು ಮೊದಲಿನ ಪ್ರಾಥಮಿಕ ಡಿಕ್ರಿಯಲ್ಲಿ. ಯಾರಿಗೆ ಯಾವುದು ಎಂಬುದು, ಕಮಿಷನರು ಸ್ಥಳಕ್ಕೆ ಬಂದು ಅಳೆದು ನಕ್ಷೆ ಸಲ್ಲಿಸಿದ ಮೇಲಿನ ಅಂತಿಮ ಡಿಕ್ರಿಯಲ್ಲಿ. ಅರ್ಧ ಪಾಲು ಅತ್ತೆಯದೆಂದು ಪ್ರಾಥಮಿಕ ಡಿಕ್ರಿ ಬಂದಾಗ ವಕೀಲರು ನಕ್ಕರು. ಅತ್ತೆ ನಗಲಿಲ್ಲ.

"ಅರ್ಧ ಅಂದ್ರು ಸರಿ. ಯಾವ ಅರ್ಧ ಅಂತ ಹೇಳ್ಲಿಲ್ವಲ್ಲಪ್ಪ?"

ನ್ಯಾಯಾಲಯದ ಜಗಲಿಯಲ್ಲಿ ತನ್ನ ದಾವೆಗಾಗಿ ಕಾದಿದ್ದ ಯಾರೋ ಒಬ್ಬ ಮುದುಕ ಅತ್ತೆಗೆ ಒಂದು ಮಾತು ಹೇಳಿದ್ದನಂತೆ. "ಸಮಾಧಿ ಇರೋ ಜಾಗ ಹಂಚಕ್ಕೆ ಬರಾಕಿಲ್ಲ ಕಣಕ್ಕ. ಇಬ್ರಿಗೂ ಸೇರಿದ್ದು ಅಂತ ಬುಟ್ಬುಡ್ತಾರೆ." ನಮ್ಮ ಕಡೆಯ ವಿಭಾಗಪತ್ರಗಳಲ್ಲಿ ಹಿರಿಯರ ಸಮಾಧಿಗಳನ್ನು ಜಂಟಿಯಾಗಿ ಉಳಿಸುವ ರೂಢಿ ಇದ್ದುದು ನಿಜ. ಅತ್ತೆ ಅದನ್ನು ಕಾನೂನೆಂದೇ ನಂಬಿದರು. ಜಂಟಿಯಾದರೆ ಮತ್ತೆ ಬೀಗ. ವಕೀಲರನ್ನಾಗಲಿ ನನ್ನನ್ನಾಗಲಿ ಕೇಳದೆ, ಅಳತೆಯ ಹಿಂದಿನ ದಿನ, ಅದಕ್ಕೆಂದು ಬೀಗ ತೆಗೆದಿದ್ದಾಗ, ಆ ಗುಂಡುಕಲ್ಲನ್ನು ತಾವೇ ಉರುಳಿಸಿ ಬಾವಿಯ ಹಿಂದೆ ಹಾಕಿದರು. ಕಣಗಿಲೆಯನ್ನು ಬೇರುಸಹಿತ ಕಿತ್ತರು. ಮಗುವಿನ ಮೇಲೆ ಕಾಯಿಮಟ್ಟೆ ರಾಶಿ ಹಾಕಿದರು. ಇದೆಲ್ಲ ನನಗೆ ತಿಳಿದದ್ದು ಅನಂತರ.

ಅಳತೆಯ ದಿನ ಸರಪಳಿ ಹಿಡಿದವನು ಬಾವಿಗೆ ಇಣುಕಿ, "ಅಕ್ಕಾ, ಈ ಬಾವಿ ನಿಂಗೆ ಬಂದ್ರೆ ನಮ್ಗೆಲ್ಲ ಎಳನೀರು ಕೆಡವಿಸ್ಬೇಕು ಕಣಕ್ಕ!" ಎಂದು ಹಾಸ್ಯಮಾಡಿದ.

"ಕೆಡವಿಸಾನ ಬುಡಪ್ಪ. ಮೊದ್ಲು ನೆಟ್ಟಗೆ ಸರಪಳಿ ಹಿಡಿ, ಅದೇನು ಹಗ್ಗ ಹೊಸೀತಿದ್ದೀಯ?" ಎಂದರು ಅತ್ತೆ. ಎಲ್ಲರೂ ನಕ್ಕರು. ಅಣ್ಣ ಮಾತ್ರ ದೂರದಲ್ಲಿ ಮರಕ್ಕೆ ಒರಗಿ ನಿಂತಿದ್ದರು, ಒಂದೂ ಮಾತಾಡದೆ... ನನ್ನ ನೆನಪು ಹೀಗೆ.

ಕಮಿಷನರು ಸಹೃದಯರು. ಒಂಟಿ ಹೆಣ್ಣೆಂದು ಬಾವಿ, ಪಂಪು, ಫಲಕ್ಕೆ ಬಂದ ಮರಗಳಿರುವ ಪೂರ್ವದ ಅರ್ಧವನ್ನು ಅತ್ತೆಗೆ ಗುರುತಿಸಿದರು. ಪಶ್ಚಿಮದ ಅರ್ಧ, ಆ ನೈರುತ್ಯ ಮೂಲೆಯೂ ಸೇರಿ, ಅಣ್ಣನಿಗೆ. ಅತ್ತೆ ಗೆದ್ದರೆಂದು ಊರು ಮಾತಾಡಿಕೊಂಡಿತು. ಅಂದು ಸಂಜೆ ಅವರು ನನ್ನೆದುರು ಕುಸಿದು ಕುಳಿತು ಕಲ್ಲು ಕಿತ್ತದ್ದನ್ನು ಹೇಳಿದರು.

"ಆಕ್ಷೇಪಣೆ ಹಾಕೋಣ ಅತ್ತೆ, ಇನ್ನೂ ಕಾಲಾವಕಾಶ ಇದೆ."

"ಕಲ್ಲು ಕಿತ್ತೋಳು ನಾನೇ ಕಣಪ್ಪ. ಯಾರ ಮ್ಯಾಲೆ ಹಾಕ್ಲಿ?"

ಅಣ್ಣನನ್ನೇ ಕೇಳಿ ಎಂದೆ. ತಲೆ ಅಲ್ಲಾಡಿಸಿದರು. "ಕೋರ್ಟಿಗೆ ಎಳೆದೋಳು ಯಾವ ಮಕ ಹೊತ್ಕೊಂಡು ಅವನ ಹೊಸ್ತಿಲು ತುಳೀಲಿ? ಬುಡು."

ಅಂತಿಮ ಡಿಕ್ರಿ ನಕ್ಷೆಯಂತೆಯೇ ಆಯಿತು. ಅನಂತರದ ಅಮಾವಾಸ್ಯೆಗಳಲ್ಲಿ ಅತ್ತೆ ಹೊಸ ಬದುವಿನವರೆಗೆ ನಡೆದು, ಈಚೆಗೇ ನಿಂತು, ತಮ್ಮ ಪಾಲಿನ ಮಣ್ಣಿಗೆ ಹಾಲು ಸುರಿದು ಬರುತ್ತಿದ್ದರು. ಇಳಿಜಾರು ಆ ಕಡೆಗಿದೆ, ಹರಿದು ಹೋಗುತ್ತೆ ಎನ್ನುತ್ತಿದ್ದರು. ಹಾಲು ಗೇಣುದೂರ ಹೋಗುವುದರೊಳಗೆ ಇಂಗುತ್ತಿತ್ತು.

ಅಣ್ಣನ ಆ ಮೌನವನ್ನು ನಾನು ಎಂದೂ ಕ್ಷಮಿಸಲಿಲ್ಲ. ಎದುರಿಗೆ ಸಿಕ್ಕರೂ ಮಾತನಾಡಿಸಲಿಲ್ಲ. ಈಗ ಅವರೂ ಇಲ್ಲ, ಅತ್ತೆಯೂ ಇಲ್ಲ. ಕೇಳಿ ಖಚಿತಪಡಿಸಿಕೊಳ್ಳಲು ನನಗೆ ಉಳಿದದ್ದು ಈ ಪ್ರತಿಯೊಂದೇ. ಅಳತೆ ನಡೆದದ್ದು ಸೋಮವಾರ ಎಂದುಕೊಂಡಿದ್ದೆ, ವರದಿಯಲ್ಲಿ ಗುರುವಾರವೆಂದಿದೆ. ಅದು ದೊಡ್ಡ ತಪ್ಪಲ್ಲ. ಆದರೆ ಸ್ಥಳದ ಹೇಳಿಕೆಗಳ ಭಾಗದಲ್ಲಿ ಹೀಗಿದೆ: ನೈರುತ್ಯ ಮೂಲೆಯಲ್ಲಿ ತಂಗಿಯ ಮಗುವನ್ನು ಮಣ್ಣು ಮಾಡಲಾಗಿದೆ, ಆ ಭಾಗವನ್ನು ಆಕೆಗೇ ಕೊಡಬೇಕು ಎಂದು ಪ್ರತಿವಾದಿ ಕೋರಿದರು, ಅಲ್ಲಿ ಅಂಥದ್ದು ಯಾವುದೂ ಇಲ್ಲವೆಂದು ವಾದಿ ತಿಳಿಸಿದರು. ಅಣ್ಣ ನೀಡಿದ ಕೈ ಅತ್ತೆಗೆ ಮತ್ತೊಂದು ಬೀಗದಂತೆ ಕಂಡಿರಬೇಕು...

ಹೇಳಿಕೆಯ ಕೆಳಗೆ ಅಣ್ಣನ ಸಹಿ, ಅತ್ತೆಯ ಹೆಬ್ಬೆಟ್ಟು. ಅದರ ಕೆಳಗೆ, ಸಮಕ್ಷಮದ ಸಾಕ್ಷಿ ಎಂಬಲ್ಲಿ, ನನ್ನ ಸಹಿ.